ಬ್ರಹ್ಮಸಭೆಯಲ್ಲಿ ಒಂದು ಹಾಡು



ಭಾಗವತದ ಒಂಬತ್ತನೆಯ ಸ್ಕಂಧದಲ್ಲಿ ಕಕುದ್ಮಿ ಎಂಬ ರಾಜನ ಕತೆ ಬರುತ್ತದೆ. ಕುಶಸ್ಥಲಿಯ ಅರಸ ಅವನು. ಮಗಳು ರೇವತಿಗೆ ತಕ್ಕ ವರ ಯಾರು ಎಂದು ಬ್ರಹ್ಮನನ್ನೇ ಕೇಳಿಬಿಡೋಣವೆಂದು ಅವಳನ್ನು ಕರೆದುಕೊಂಡು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಂಧರ್ವರ ಗಾನ ನಡೆದಿತ್ತು. ಹಾಡಿನ ನಡುವೆ ಮಾತಾಡಲು ಅವಕಾಶ ಸಿಗದೆ ಒಂದು ಕ್ಷಣ ಕಾದು ನಿಂತ. ಹಾಡು ಮುಗಿಯಿತು. ಕೈಮುಗಿದು ಬಂದ ವಿಷಯ ಹೇಳಿದ. ಬ್ರಹ್ಮ ನಕ್ಕುಬಿಟ್ಟ. ನೀನು ಮನಸ್ಸಿನಲ್ಲಿಟ್ಟುಕೊಂಡು ಬಂದ ಗಂಡುಗಳಲ್ಲಿ ಒಬ್ಬನೂ ಈಗಿಲ್ಲ, ಅವರ ಮಕ್ಕಳು ಮೊಮ್ಮಕ್ಕಳ ಸುದ್ದಿ ಕೂಡ ಕಿವಿಗೆ ಬೀಳುತ್ತಿಲ್ಲ, ಇಪ್ಪತ್ತೇಳು ಚತುರ್ಯುಗ ಕಳೆದುಹೋಯಿತು ಎಂದ. ಒಂದು ಚತುರ್ಯುಗಕ್ಕೆ 43,20,000 ವರ್ಷ. ಇಪ್ಪತ್ತೇಳರಿಂದ ಗುಣಿಸಿದರೆ 11,66,40,000 ವರ್ಷ. ಒಂದು ಹಾಡು ಮುಗಿಯುವಷ್ಟರಲ್ಲಿ!

ಬ್ರಹ್ಮನ ಒಂದು ಹಗಲೆಂದರೆ ನಮ್ಮ ಸಾವಿರ ಚತುರ್ಯುಗ, ಹಾಗಾಗಿ ಅಲ್ಲಿಯ ಕ್ಷಣ ಇಲ್ಲಿಯ ಯುಗ ಎಂದು ಇದಕ್ಕೆ ಸಮಾಧಾನ ಹೇಳುವುದುಂಟು. ಲೆಕ್ಕವೇನೋ ಸರಿ. ಆದರೆ ಇದೇ ಕತೆಯನ್ನು ವಿಷ್ಣುಪುರಾಣ ಹೇಳುವ ಬಗೆ ನನಗೆ ಹೆಚ್ಚು ಪ್ರಿಯ. ಅಲ್ಲಿ ಹಾಡುತ್ತಿದ್ದವರಿಗೆ ಹೆಸರುಗಳೂ ಇವೆ: ಹಾಹಾ, ಹೂಹೂ. ರಾಜ ಬರೀ ಸರದಿ ಕಾಯುತ್ತ ನಿಂತವನಲ್ಲ, ಹಾಡು ಕೇಳುತ್ತ ನಿಂತವನು. ಕೇಳುತ್ತಿದ್ದ ಅವನಿಗೆ ಯುಗಗಳೇ ಒಂದು ಮುಹೂರ್ತದಂತೆ ಕಂಡವು. ಕಾಲದ ಕಟ್ಟು ಒಡೆದದ್ದು ಆ ನಾದದಿಂದಲೇ ಎಂದು ನನಗನ್ನಿಸುತ್ತದೆ.

ನನ್ನನ್ನು ಕಾಡುವವಳು ರೇವತಿ. ಹಾಡು ಅವಳಿಗೆ ಹಿಡಿಸಿತೋ ಇಲ್ಲವೋ, ಅಪ್ಪನ ಪಕ್ಕದಲ್ಲಿ ಅವಳೂ ಇದ್ದಳು. ಭೂಮಿಗೆ ಮರಳಿದಾಗ ಆಡಿ ಬೆಳೆದ ಊರು ಅವಳದಾಗಿರಲಿಲ್ಲ, ಗುರುತಿನ ಒಂದು ಮುಖವೂ ಇರಲಿಲ್ಲ. ಬ್ರಹ್ಮ ಸೂಚಿಸಿದಂತೆ ಬಲರಾಮನಿಗೆ ಅವಳನ್ನು ಧಾರೆಯೆರೆದರು. ಹಿಂದಿನ ಯುಗದ ಹುಡುಗಿ, ಈಗಿನವರಿಗಿಂತ ಬಹಳ ಎತ್ತರ. ಬಲರಾಮ ನೇಗಿಲ ತುದಿಯಿಂದ ಅವಳನ್ನು ಬಗ್ಗಿಸಿ ಉಳಿದ ಹೆಂಗಸರ ಎತ್ತರಕ್ಕೆ ತಂದ ಎನ್ನುತ್ತದೆ ವಿಷ್ಣುಪುರಾಣ. ಆ ಜಾಗ ಬಂದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಹಾಗಿದ್ದೂ, ಮನಸ್ಸಿಟ್ಟು ಕೇಳುವುದಕ್ಕೆ ಏನೇನು ತೆರಬೇಕಾಗುತ್ತದೆ, ಪಕ್ಕದಲ್ಲಿ ನಿಂತವರೂ ಏನು ತೆರುತ್ತಾರೆ ಎಂಬುದನ್ನು ಮುಚ್ಚಿಡದ ಪುರಾಣಕಾರನ ಬಗ್ಗೆ ಗೌರವವೂ ಹುಟ್ಟುತ್ತದೆ. ಇದು ಶಾಪವೆಂದಾಗಲಿ, ರಾಜನ ತಪ್ಪಿಗೆ ಶಿಕ್ಷೆಯೆಂದಾಗಲಿ ಅವನು ಎಲ್ಲೂ ಹೇಳುವುದಿಲ್ಲ.

ಧಾರವಾಡ, ಹುಬ್ಬಳ್ಳಿಯ ಕಡೆ ಸಂಗೀತ ಕೇಳಿ ಬೆಳೆದವರಿಗೆ ಈ ಕತೆ ತೀರ ದೂರದ್ದಲ್ಲ. ಅತಿ ವಿಲಂಬಿತ ಏಕತಾಲದ ಖಯಾಲಿನಲ್ಲಿ ಹನ್ನೆರಡು ಮಾತ್ರೆಯ ಒಂದು ಆವರ್ತನಕ್ಕೆ ಹತ್ತಿರಹತ್ತಿರ ಒಂದು ನಿಮಿಷ ಬೇಕಾಗುತ್ತದೆ. ಗಾಯಕರು ಒಂದೇ ಸ್ವರದ ಮೇಲೆ ನಿಂತು ಅದರ ಸುತ್ತ ಸುಳಿಯುತ್ತಿರುತ್ತಾರೆ. ಹತ್ತನೆಯ ಮಾತ್ರೆಯಲ್ಲಿ ತಬಲಾದ ‘ತಿರಕಿಟ’ ಬಿದ್ದದ್ದೇ ತಡ, ಸಭೆಯಲ್ಲಿ ಒರಗಿ ಕೂತವರು ನೆಟ್ಟಗಾಗುತ್ತಾರೆ. ಗಾಯಕರು ಮುಖಡಾ, ಅಂದರೆ ಹಾಡಿನ ಮೊದಲ ತುಣುಕು, ಎತ್ತಿಕೊಳ್ಳುತ್ತಾರೆ. ಆವರ್ತನದ ಮೊದಲ ಮಾತ್ರೆಯಾದ ಸಮ್ ಬಂದ ಕ್ಷಣ ಯಾರೂ ಹೇಳಿಕೊಡದೆ ನೂರಾರು ತಲೆಗಳು ಒಟ್ಟಿಗೆ ತೂಗುತ್ತವೆ. ಆ ಹೊತ್ತಿನಲ್ಲಿ ಕೈಗಡಿಯಾರ ನೋಡಿಕೊಳ್ಳುವವರು ನನಗೆ ಕಂಡಿಲ್ಲ. ಹೊರಗೆ ಬಂದಾಗ ಮಾತ್ರ ಕೊನೆಯ ಬಸ್ಸು ಹೋಗಿರುತ್ತದೆ, ಮನೆಯಲ್ಲಿ ಯಾರೋ ಊಟ ಮಾಡದೆ ಕಾದಿರುತ್ತಾರೆ.

ಹಾಡೇ ಕಾಲಕ್ಕೆ ಬಗ್ಗಬೇಕಾಗಿ ಬಂದ ಸಂದರ್ಭಗಳೂ ಇವೆ. 1902ರಲ್ಲಿ ಕಲ್ಕತ್ತೆಯಲ್ಲಿ ಗಾಯಕಿ ಗೌಹರ್ ಜಾನ್ ಅವರ ಹಾಡುಗಳನ್ನು ಗ್ರಾಮಫೋನಿಗೆ ಮುದ್ರಿಸಿಕೊಂಡರು. ಗಂಟೆಗಟ್ಟಲೆ ಹಾಡಬಲ್ಲ ಆ ತಾಯಿ ಇಡೀ ರಾಗವನ್ನು ಮೂರು ನಿಮಿಷದ ಆಸುಪಾಸಿನಲ್ಲಿ ಮುಗಿಸಿ, ಕೊನೆಗೆ ತಮ್ಮ ಹೆಸರನ್ನೂ ತಾವೇ ಕೂಗಿ ಹೇಳಬೇಕಿತ್ತು. ತಟ್ಟೆಯಲ್ಲಿ ಅದಕ್ಕಿಂತ ಹೆಚ್ಚು ಜಾಗವಿರಲಿಲ್ಲ, ಅವರಿಗೆ ಬೇರೆ ದಾರಿಯಿರಲಿಲ್ಲ.

ನಮಗೆ ಅಂಥ ಒತ್ತಾಯವೇನೂ ಇಲ್ಲ. ಆದರೂ ವಾಟ್ಸಾಪಿನಲ್ಲಿ ಬಂದ ಧ್ವನಿ ಸಂದೇಶವನ್ನು ಒಂದೂವರೆ ಪಟ್ಟು, ಎರಡು ಪಟ್ಟು ವೇಗದಲ್ಲಿ ಓಡಿಸಿ ಕೇಳುತ್ತೇವೆ. ಕಚೇರಿಯ ಕೆಲಸದ ಮಾತಾದರೆ ಆಗಲಿ. ಊರಿನಿಂದ ಅಮ್ಮ ಕಳಿಸಿದ್ದನ್ನೂ ಹಾಗೆಯೇ ಓಡಿಸುವುದನ್ನು ಕಂಡಾಗ ನನಗೆ ನಿಜಕ್ಕೂ ನೋವಾಗುತ್ತದೆ. ಅವಳು ಮಳೆಯ ಸುದ್ದಿ ಹೇಳುತ್ತಾಳೆ, ಹಸು ಕರು ಹಾಕಿದ್ದನ್ನು ಹೇಳುತ್ತಾಳೆ. ಆಮೇಲೆ ಸ್ವಲ್ಪ ಹೊತ್ತು ಮಾತೇ ಇಲ್ಲ. ಕೊನೆಗೆ, ‘ಮತ್ತೇನಿಲ್ಲ ಮಗಾ, ಮಂಡಿ ಒಂಚೂರು ನೋಯ್ತದೆ, ಅಷ್ಟೇ’ ಅನ್ನುತ್ತಾಳೆ. ವೇಗ ಹೆಚ್ಚಿಸಿದಾಗ ಅವಳ ಮಾತುಗಳೆಲ್ಲ ತಿಳಿಯುತ್ತವೆ, ಒಂದೂ ತಪ್ಪುವುದಿಲ್ಲ. ಮಂಡಿಯ ವಿಷಯ ಹೇಳಲೋ ಬೇಡವೋ ಎಂದು ಅವಳು ತಡೆದು ನಿಂತಿದ್ದಳಲ್ಲ, ಅದೊಂದು ಮಾತ್ರ ಕೇಳಿಸದೆ ಹೋಗುತ್ತದೆ.