ಎತ್ತಿಗೆ ಜ್ವರ, ಎಮ್ಮೆಗೆ ಬರೆ

(ಶಿವಮೊಗ್ಗದಲ್ಲಿ ನಡೆದ ಸಂಘದ ವಾರ್ಷಿಕ ಸಭೆಯಲ್ಲಿ ಮಾಡಿದ ಭಾಷಣ)



ಈ ವೇದಿಕೆಯಲ್ಲಿ ಪ್ರತಿ ವರ್ಷವೂ ವಿದ್ಯೆಯ ಮಹತ್ವದ ಬಗ್ಗೆ ಭಾಷಣ ಆಗುತ್ತದೆ. ನನಗಿಂತ ಚೆನ್ನಾಗಿ ಮಾತಾಡುವವರು ಆ ವಿಷಯ ಹೇಳಿದ್ದಾರೆ. ನಾನು ದೈಹಿಕ ಶಿಕ್ಷಣದ ಮೇಷ್ಟ್ರಾಗಿದ್ದವನು. ನೌಕರಿ ಪೂರ್ತಿ ಬಿಸಿಲಲ್ಲಿ ನಿಂತು ವಿಷಲ್ ಊದಿದವನು. ಆದ್ದರಿಂದ ನನಗೆ ಗೊತ್ತಿರುವ ದಾರಿಯಲ್ಲೇ ಹೋಗುತ್ತೇನೆ. ಇವತ್ತು ಫುಟ್‌ಬಾಲ್ ಬಗ್ಗೆ ಮಾತಾಡುತ್ತೇನೆ. ಅದರಲ್ಲೂ ಹುಟ್ಟಿದ ಒಂದು ವರ್ಷದೊಳಗೆ ನಿಂತುಹೋದ ಒಂದು ಮಹಿಳಾ ತಂಡದ ಬಗ್ಗೆ. ಸಂಘಕ್ಕೂ ಇದಕ್ಕೂ ಏನು ಸಂಬಂಧ ಎಂದು ಕೇಳಬೇಡಿ. ಕೊನೆಯಲ್ಲಿ ಗೊತ್ತಾಗುತ್ತದೆ.

ಕೇರಳ ಬ್ಲಾಸ್ಟರ್ಸ್ ಎಂಬ ಕ್ಲಬ್ಬಿನ ಹೆಸರನ್ನು ನಮ್ಮ ಹುಡುಗರೆಲ್ಲ ಕೇಳಿದ್ದಾರೆ. ಕೊಚ್ಚಿಯದು. ಇಂಡಿಯನ್ ಸೂಪರ್ ಲೀಗ್‌ನಲ್ಲಿ ಆಡುವ ತಂಡ. ಹಳದಿ ಅಂಗಿ ತೊಟ್ಟ ಅಭಿಮಾನಿಗಳಿಂದ ಕ್ರೀಡಾಂಗಣ ತುಂಬುತ್ತದೆ. ನಮ್ಮ ದೇಶದಲ್ಲಿ ಅಷ್ಟು ಅಭಿಮಾನಿಗಳಿರುವ ಕ್ಲಬ್ಬುಗಳು ಬೆರಳೆಣಿಕೆಯಷ್ಟು. 2022ರ ಜುಲೈನಲ್ಲಿ ಈ ಕ್ಲಬ್ಬು ಮಹಿಳಾ ತಂಡವನ್ನೂ ಕಟ್ಟುವುದಾಗಿ ಪ್ರಕಟಿಸಿತು. ತಂಡ ಕೇರಳ ಮಹಿಳಾ ಲೀಗ್‌ನಲ್ಲಿ ಮೈದಾನಕ್ಕೆ ಇಳಿಯಿತು. ದೊಡ್ಡ ಕ್ಲಬ್ಬಿನ ಅಂಗಿ ತೊಟ್ಟು ಆಡುವುದೆಂದರೆ ಆ ಹುಡುಗಿಯರ ಮನೆಯಲ್ಲಿ ಎಂಥ ಸಂಭ್ರಮ ಇದ್ದಿರಬೇಕು, ನೀವೇ ಯೋಚಿಸಿ.

ಮುಂದಿನ ಘಟನೆ ನಡೆದದ್ದು ನಮ್ಮ ಬೆಂಗಳೂರಿನಲ್ಲಿ, ಕಂಠೀರವ ಕ್ರೀಡಾಂಗಣದಲ್ಲಿ. 2023ರ ಮಾರ್ಚ್ 3ರಂದು ಬೆಂಗಳೂರು ಎಫ್‌ಸಿಗೂ ಕೇರಳ ಬ್ಲಾಸ್ಟರ್ಸ್‌ಗೂ ನಾಕೌಟ್ ಪಂದ್ಯ. ಪುರುಷರ ಪಂದ್ಯ. ನಿಗದಿತ ಸಮಯದಲ್ಲಿ ಗೋಲಿಲ್ಲ. ಹೆಚ್ಚುವರಿ ಸಮಯದಲ್ಲಿ ಬೆಂಗಳೂರಿಗೆ ಫ್ರೀ ಕಿಕ್ ಸಿಕ್ಕಿತು. ಎದುರಾಳಿಗಳು ಗೋಡೆ ಕಟ್ಟಿಕೊಳ್ಳುವ ಮೊದಲೇ ಸುನಿಲ್ ಛೆಟ್ರಿ ಚೆಂಡನ್ನು ಗೋಲಿಗೆ ಒದ್ದುಬಿಟ್ಟರು. ರೆಫರಿ ಗೋಲು ಕೊಟ್ಟರು. ಕೇರಳದ ತರಬೇತುದಾರ ಇವಾನ್ ವುಕೊಮನೊವಿಚ್ ಸಿಟ್ಟಾಗಿ ತಮ್ಮ ಆಟಗಾರರನ್ನು ಮೈದಾನದಿಂದ ಹೊರಗೆ ಕರೆದರು. ತಂಡ ಮತ್ತೆ ಒಳಗೆ ಬರಲಿಲ್ಲ. ಪಂದ್ಯ ಬೆಂಗಳೂರಿನ ಪಾಲಾಯಿತು.

ಗೋಲು ಸರಿಯೋ ತಪ್ಪೋ ಎಂದು ನಮ್ಮ ಹುಡುಗರು ಇವತ್ತಿಗೂ ಜಗಳ ಆಡುತ್ತಾರೆ. ಆಡಲಿ. ಆದರೆ ಅರ್ಧ ಪಂದ್ಯದಲ್ಲಿ ಮೈದಾನ ಬಿಟ್ಟು ಹೋಗುವುದು ತಪ್ಪು. ಅದನ್ನು ನಾನು ಐದನೇ ಕ್ಲಾಸಿನ ಮಕ್ಕಳಿಗೂ ಹೇಳಿಕೊಟ್ಟಿದ್ದೇನೆ. ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ನಿನ ಶಿಸ್ತು ಸಮಿತಿ ಅದೇ ತಿಂಗಳ ಕೊನೆಗೆ ಕ್ಲಬ್ಬಿಗೆ 4 ಕೋಟಿ ರೂಪಾಯಿ ದಂಡ ಹಾಕಿತು. ತರಬೇತುದಾರರಿಗೆ 10 ಪಂದ್ಯಗಳ ನಿಷೇಧ. ಕ್ಲಬ್ಬು ಮೇಲ್ಮನವಿ ಸಲ್ಲಿಸಿತು, ಅದೂ ಬಿದ್ದುಹೋಯಿತು.

2023ರ ಜೂನ್ 6ರಂದು ಕ್ಲಬ್ಬಿನಿಂದ ಒಂದು ಪ್ರಕಟಣೆ ಬಂತು: ಫೆಡರೇಷನ್ ವಿಧಿಸಿದ ದಂಡದ ಕಾರಣ ಮಹಿಳಾ ತಂಡವನ್ನು ತಾತ್ಕಾಲಿಕವಾಗಿ ನಿಲ್ಲಿಸಲಾಗುತ್ತಿದೆ.

ತಂಡ ಹುಟ್ಟಿ ಹನ್ನೊಂದು ತಿಂಗಳೂ ತುಂಬಿರಲಿಲ್ಲ. ಮೈದಾನ ಬಿಟ್ಟವರು ಯಾರು? ಗಂಡಸರ ತಂಡ. ಕರೆದವರು ಯಾರು? ಗಂಡಸರ ತಂಡದ ತರಬೇತುದಾರರು. ನಿಂತುಹೋದದ್ದು ಯಾವುದು? ಆ ರಾತ್ರಿ ಕಂಠೀರವದ ಹುಲ್ಲನ್ನೂ ತುಳಿಯದಿದ್ದ ಹೆಣ್ಣುಮಕ್ಕಳ ತಂಡ. ನಮ್ಮ ಹಿರಿಯರು ಇದಕ್ಕೇ ಹೇಳಿದ್ದು, ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದರಂತೆ ಎಂದು.

ಇಲ್ಲಿ ನಾವು ನ್ಯಾಯವಾಗಿ ಮಾತಾಡಬೇಕು. ಆ ಕ್ಲಬ್ಬಿನವರು ಕೆಟ್ಟವರು ಎಂದು ನಾನು ಹೇಳುತ್ತಿಲ್ಲ. ಹುಡುಗಿಯರನ್ನು ಕಂಡರೆ ಆಗದವರಾಗಿದ್ದರೆ ತಂಡವನ್ನೇ ಕಟ್ಟುತ್ತಿರಲಿಲ್ಲ. ವ್ಯವಹಾರ ಹೇಗೆ ನಡೆಯುತ್ತದೆಂದು ನೋಡಿ. ಪುರುಷರ ತಂಡಕ್ಕೆ ಟಿಕೆಟ್ ಮಾರಾಟ ಇದೆ, ಪ್ರಾಯೋಜಕರು ಇದ್ದಾರೆ, ಟಿ.ವಿ. ಇದೆ. ಮಹಿಳಾ ತಂಡಕ್ಕೆ ಇವೆಲ್ಲ ಬರುವುದು ನಿಧಾನ. ಮೊದಲ ಕೆಲವು ವರ್ಷ ಬರೀ ಖರ್ಚೇ. ಆ ಖರ್ಚು ನಡೆಯುವುದು ಪುರುಷರ ತಂಡದ ದುಡ್ಡಿನಲ್ಲಿ. ಅಲ್ಲಿ ತೊಂದರೆ ಬಂದ ದಿನ ಲೆಕ್ಕದ ಪುಸ್ತಕ ತೆಗೆದು ಕೂತವರ ಕೈ ಮೊದಲು ಹೋಗುವುದು ಕೊನೆಯ ಸಾಲಿಗೆ. ಕೆಟ್ಟ ಮನಸ್ಸು ಬೇಕಾಗಿಲ್ಲ. ಹೆಣ್ಣುಮಕ್ಕಳ ಹೆಸರು ಕೊನೆಯ ಸಾಲಿನಲ್ಲಿದ್ದರೆ ಸಾಕು.

ಆ ಪ್ರಕಟಣೆ ಬರುವುದಕ್ಕೆ ಕೇವಲ 16 ದಿನ ಮೊದಲು, 2023ರ ಮೇ 21ರಂದು, ಅಹಮದಾಬಾದಿನಲ್ಲಿ ಇಂಡಿಯನ್ ವಿಮೆನ್ಸ್ ಲೀಗ್‌ನ ಫೈನಲ್ ನಡೆದಿತ್ತು. ಒಂದು ಕಡೆ ಕೋಳಿಕ್ಕೋಡಿನ ಗೋಕುಲಂ ಕೇರಳ, ಇನ್ನೊಂದು ಕಡೆ ನಮ್ಮ ಬೆಂಗಳೂರಿನ ಕಿಕ್‌ಸ್ಟಾರ್ಟ್. ಗೋಕುಲಂ 5-0ಯಿಂದ ಗೆದ್ದಿತು. ಸೋಲು ಸೋಲೇ, ಆದರೆ ಕರ್ನಾಟಕದ ಒಂದು ಮಹಿಳಾ ತಂಡ ರಾಷ್ಟ್ರೀಯ ಫೈನಲ್ ಆಡಿತು ಎಂಬುದೂ ನಿಜ. ಅಂದರೆ ಆಡುವ ಹುಡುಗಿಯರಿಗೆ ದಕ್ಷಿಣದಲ್ಲಿ ಕೊರತೆ ಇರಲಿಲ್ಲ.

ಆ ಗೋಕುಲಂ ತಂಡಕ್ಕೂ ಹಿಂದಿನ ವರ್ಷ ಹೀಗೆಯೇ ಪೆಟ್ಟು ಬಿದ್ದಿತ್ತು. 2022ರ ಆಗಸ್ಟ್‌ನಲ್ಲಿ ಏಷ್ಯಾದ ಮಹಿಳಾ ಕ್ಲಬ್ ಪಂದ್ಯಾವಳಿಗೆಂದು ಅವರು ಉಜ್ಬೇಕಿಸ್ತಾನದ ತಾಷ್ಕೆಂಟ್‌ಗೆ ಹೋಗಿ ಇಳಿದರು. ಇಳಿಯುವ ಹೊತ್ತಿಗೆ ಫಿಫಾ ಭಾರತದ ಫೆಡರೇಷನ್ನನ್ನು ಅಮಾನತು ಮಾಡಿಯಾಗಿತ್ತು. ಕಾರಣ, ಫೆಡರೇಷನ್ನಿನ ಆಡಳಿತದಲ್ಲಿ ಹೊರಗಿನವರ ಹಸ್ತಕ್ಷೇಪ ಆಗಿದೆ ಎಂಬುದು. ಕುರ್ಚಿಯ ಜಗಳ ದೊಡ್ಡವರದು. ಪೆಟ್ಟಿಗೆ ಹೊತ್ತು ತಾಷ್ಕೆಂಟ್ ತಲುಪಿದ್ದ ಹುಡುಗಿಯರು ಒಂದೂ ಪಂದ್ಯ ಆಡದೆ ವಾಪಸ್ಸು ಬಂದರು. ಆಗಸ್ಟ್ 26ಕ್ಕೆ ಅಮಾನತು ತೆರವಾಯಿತು. ಅಷ್ಟರಲ್ಲಿ ಅವರ ಅವಕಾಶ ಮುಗಿದುಹೋಗಿತ್ತು.

ಭದ್ರಾವತಿಯವರು ನನ್ನ ಮುಂದೆ ಕೂತಿದ್ದಾರೆ. ಅವರಿಗಾಗಿ ಒಂದು ಕಾರ್ಖಾನೆಯ ತಂಡದ ಕಥೆ ಹೇಳುತ್ತೇನೆ. ಕಾರ್ಖಾನೆ ಎಂದರೆ ಏನು ಎಂದು ಅವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಮೊದಲನೇ ಮಹಾಯುದ್ಧದ ಕಾಲ. ಇಂಗ್ಲೆಂಡಿನ ಪ್ರೆಸ್ಟನ್ ಊರಿನಲ್ಲಿ ಡಿಕ್, ಕೆರ್ ಎಂಬ ಕಾರ್ಖಾನೆ. ಗಂಡಸರು ಯುದ್ಧಕ್ಕೆ ಹೋಗಿದ್ದರಿಂದ ಮದ್ದುಗುಂಡು ತಯಾರಿಸುವ ಕೆಲಸಕ್ಕೆ ಹೆಂಗಸರು ಬಂದರು. ಬಿಡುವಿನಲ್ಲಿ ಚೆಂಡು ಒದೆಯುತ್ತಾ ತಂಡ ಕಟ್ಟಿದರು. 1917ರ ಕ್ರಿಸ್‌ಮಸ್ ದಿನ ಗಾಯಾಳು ಸೈನಿಕರ ಸಹಾಯಕ್ಕಾಗಿ ಆಡಿದ ಪಂದ್ಯಕ್ಕೆ 10,000 ಜನ ಬಂದರು. 1920ರ ಡಿಸೆಂಬರ್ 26ರಂದು ಲಿವರ್‌ಪೂಲಿನ ಗುಡಿಸನ್ ಪಾರ್ಕ್‌ನಲ್ಲಿ ಬಂದವರು 53,000 ಮಂದಿ. ಜಾಗ ಸಿಗದೆ ಹೊರಗೆ ಉಳಿದವರು ಇನ್ನೂ ಸಾವಿರಾರು.

ಮರುವರ್ಷ ಡಿಸೆಂಬರ್ 5ರಂದು ಇಂಗ್ಲೆಂಡಿನ ಫುಟ್‌ಬಾಲ್ ಅಸೋಸಿಯೇಷನ್, ಈ ಆಟ ಹೆಂಗಸರಿಗೆ ತಕ್ಕದ್ದಲ್ಲ ಎಂದು ಹೇಳಿ, ತನ್ನ ಸದಸ್ಯ ಕ್ಲಬ್ಬುಗಳ ಮೈದಾನಗಳನ್ನು ಅವರಿಗೆ ಕೊಡಕೂಡದೆಂದು ಆಜ್ಞೆ ಹೊರಡಿಸಿತು. ಆ ಆಜ್ಞೆ ಸುಮಾರು 50 ವರ್ಷ ಇತ್ತು. 1926ರಲ್ಲಿ ಕಾರ್ಖಾನೆಯ ಆಸರೆಯೂ ತಪ್ಪಿತು. ಆದರೂ ತಂಡ ಸಾಯಲಿಲ್ಲ. ಹೆಸರು ಬದಲಿಸಿಕೊಂಡು, ಸಿಕ್ಕ ಮೈದಾನದಲ್ಲಿ ಆಡುತ್ತಾ 1965ರವರೆಗೆ ಬದುಕಿತು. ಹೇಗೆ? ಆಟಗಾರ್ತಿಯರ ಕೈಯಲ್ಲಿ ಉದ್ಯೋಗ ಇತ್ತು. ಕಾರ್ಖಾನೆ ಬಿಟ್ಟ ಎಷ್ಟೋ ಮಂದಿ ಆಸ್ಪತ್ರೆಯಲ್ಲಿ ಕೆಲಸಕ್ಕೆ ಸೇರಿದರು. ಹೆಸರಾಂತ ಆಟಗಾರ್ತಿ ಲಿಲಿ ಪಾರ್ ನರ್ಸ್ ಆಗಿದ್ದರು. ಊಟಕ್ಕೆ ಯಾರ ಮುಖವನ್ನೂ ನೋಡಬೇಕಾಗಿರಲಿಲ್ಲ. ಈ ಮಾತನ್ನು ವಿದ್ಯಾರ್ಥಿನಿಯರು ನೆನಪಿಟ್ಟುಕೊಳ್ಳಬೇಕು. ದೊಡ್ಡ ಕ್ಲಬ್ಬಿನ ಆಸರೆಯಲ್ಲಿದ್ದ ತಂಡ ಒಂದು ದಂಡಕ್ಕೆ ನಿಂತಿತು. ಸ್ವಂತ ದುಡಿಮೆ ಇದ್ದವರ ತಂಡ ನಿಷೇಧ ಬಂದ ಮೇಲೂ 40 ವರ್ಷಕ್ಕಿಂತ ಹೆಚ್ಚು ಆಡಿತು.

ಭದ್ರಾವತಿಯಲ್ಲಿ ನಾವೂ ಇಂಥದ್ದನ್ನು ಕಂಡವರೇ. ನಾನು ಹುಡುಗನಾಗಿದ್ದಾಗ ಪಾಳಿ ಮುಗಿಸಿದವರು ಸೈಕಲ್ ಬೇಲಿಗೆ ಒರಗಿಸಿ ಮೈದಾನಕ್ಕೆ ಇಳಿಯುತ್ತಿದ್ದರು. ಕಬ್ಬಿಣದ ಕಾರ್ಖಾನೆ ಚೆನ್ನಾಗಿದ್ದರೆ ಆಟ, ನಾಟಕ, ಶಾಲೆ ಎಲ್ಲವೂ ಚೆನ್ನ. ಕಾಗದದ ಕಾರ್ಖಾನೆ ನಿಂತಾಗ ಮೊದಲು ಕಾಣೆಯಾದದ್ದು ಯಾವುದು ಎಂದು ಕಾಗದನಗರದವರನ್ನು ಕೇಳಿ. 2023ರ ಜನವರಿಯಲ್ಲಿ ವಿಐಎಸ್ಎಲ್ ಮುಚ್ಚುವ ತೀರ್ಮಾನ ಬಂದಾಗ ಕಾರ್ಮಿಕರು ಹೋರಾಟಕ್ಕೆ ಕೂತರು. ಒಬ್ಬರ ಗಂಟನ್ನು ನಂಬಿ ಬದುಕುವ ಊರಿನ ಸಂಕಟ ನಮಗೆ ಪುಸ್ತಕದಿಂದ ಬಂದದ್ದಲ್ಲ.

ಈಗ ನಮ್ಮ ಮನೆಯೊಳಗೆ ಬರುತ್ತೇನೆ. ಹೆಸರು ಹೇಳುವುದಿಲ್ಲ. ನನ್ನ ಹತ್ತಿರ ಓಟದ ಅಭ್ಯಾಸಕ್ಕೆ ಬರುತ್ತಿದ್ದ ಒಬ್ಬ ಹುಡುಗಿ. ಎಸ್ಸೆಸ್ಸೆಲ್ಸಿಯಲ್ಲಿ ಫಸ್ಟ್ ಕ್ಲಾಸ್. ತಂದೆಗೆ ಗ್ಯಾರೇಜಿನಲ್ಲಿ ಕೆಲಸ. ಅವಳು ಮೊದಲ ಪಿಯುಸಿ ಮುಗಿಸಿದ ಬೇಸಿಗೆಯಲ್ಲಿ ಅಣ್ಣ ಸ್ನೇಹಿತನ ಬೈಕು ತೆಗೆದುಕೊಂಡು ಹೋಗಿ ಒಬ್ಬ ಮುದುಕರಿಗೆ ಗುದ್ದಿದ. ಲೈಸೆನ್ಸ್ ಇರಲಿಲ್ಲ. ಆಸ್ಪತ್ರೆ ಖರ್ಚು ಕೊಟ್ಟು, ಕೇಸು ನೋಡಿಕೊಂಡು, ಮನೆಯವರು ಸಾಲಗಾರರಾದರು. ಜೂನ್‌ನಲ್ಲಿ ಹುಡುಗಿ ಕಾಲೇಜಿಗೆ ಹೋಗಲಿಲ್ಲ. ನಾನು ಮನೆಗೆ ಹೋದೆ. ಅವಳ ತಂದೆ ತಲೆ ತಗ್ಗಿಸಿ, "ಮೇಷ್ಟ್ರೇ, ಈ ಒಂದು ವರ್ಷ ಮಾತ್ರ. ಮುಂದಿನ ವರ್ಷ ಖಂಡಿತ ಕಳಿಸ್ತೀನಿ" ಎಂದರು. ಹುಡುಗಿ ಒಳಬಾಗಿಲ ಪರದೆ ಹಿಡಿದು ನಿಂತಿದ್ದಳು. ಚಹಾ ತಂದುಕೊಟ್ಟು, "ಸರ್, ಬೈಕ್ ಓಡಿಸಿದ್ದು ನಾನಲ್ಲ ಅಲ್ವಾ?" ಎಂದು ಮೆಲ್ಲಗೆ ಕೇಳಿದಳು.

ನನ್ನ ಹತ್ತಿರ ಉತ್ತರ ಇರಲಿಲ್ಲ. ತಂದೆ ಒಳ್ಳೆಯ ಮನುಷ್ಯ. ಸುಳ್ಳು ಹೇಳಿದವರಲ್ಲ. ಆದರೆ ಆ ಮುಂದಿನ ವರ್ಷ ಬರಲಿಲ್ಲ. ಅಣ್ಣ ಮಾತ್ರ ಡಿಪ್ಲೊಮಾ ಮುಂದುವರಿಸಿದ. ಕೇರಳದ ತಂಡದ ಸುದ್ದಿಯನ್ನು ಪತ್ರಿಕೆಯಲ್ಲಿ ಓದಿದ ದಿನ, "ತಾತ್ಕಾಲಿಕ" ಎಂಬ ಪದದ ಮೇಲೆ ನನ್ನ ಕಣ್ಣು ನಿಂತಿತು. ಆ ಪದವನ್ನು ನಾನು ಆ ಮನೆಯ ಜಗಲಿಯಲ್ಲಿ ಕೇಳಿದ್ದೆ. ಅದಕ್ಕೇ ಇವತ್ತು ಈ ವಿಷಯ ಆರಿಸಿಕೊಂಡದ್ದು.

ಹೆಣ್ಣುಮಕ್ಕಳಿಗೆ ಆಟ ಏಕೆ ಎಂದು ಕೇಳುವ ಹಿರಿಯರೂ ಇಲ್ಲಿದ್ದಾರೆ. ಅವರ ಮೇಲೆ ನನಗೆ ಗೌರವ ಇದೆ. ಉಡುಪಿನ ಚಿಂತೆ ಇದ್ದರೆ ಒಂದು ವಿಷಯ ಹೇಳುತ್ತೇನೆ. 2011ರಲ್ಲಿ ಇರಾನಿನ ಮಹಿಳಾ ತಂಡಕ್ಕೆ ತಲೆವಸ್ತ್ರದ ಕಾರಣ ಒಲಿಂಪಿಕ್ ಅರ್ಹತಾ ಪಂದ್ಯ ಆಡಲು ಬಿಡಲಿಲ್ಲ. 2014ರಲ್ಲಿ ಆ ನಿಯಮವೇ ಬದಲಾಯಿತು. 2023ರ ವಿಶ್ವಕಪ್‌ನಲ್ಲಿ ಮೊರಾಕೊದ ನುಹೈಲಾ ಬೆಂಜಿನಾ ಹಿಜಾಬ್ ತೊಟ್ಟು ಆಡಿದರು. ವಿಶ್ವಕಪ್‌ನಲ್ಲಿ ಹಾಗೆ ಆಡಿದವರಲ್ಲಿ ಅವರೇ ಮೊದಲಿಗರು. ಫುಟ್‌ಬಾಲಿನ ನಿಯಮದಲ್ಲಿ ಈಗ ಆ ಅಡ್ಡಿ ಇಲ್ಲ. ಉಳಿದಿರುವುದು ಖರ್ಚಿನ ಲೆಕ್ಕ. ಅದು ನಮ್ಮ ಕೈಯಲ್ಲೇ ಇದೆ.

ಆದ್ದರಿಂದ ಸಂಘದ ಮುಂದೆ ಒಂದು ಬೇಡಿಕೆ ಇಡುತ್ತೇನೆ. ನಮ್ಮ ಆಯವ್ಯಯದಲ್ಲಿ ಹೆಣ್ಣುಮಕ್ಕಳ ಫೀಸು ಮತ್ತು ಆಟಕ್ಕೆ ಪ್ರತ್ಯೇಕ ನಿಧಿ ಇಡಬೇಕು. ಕಟ್ಟಡದ ಕೆಲಸ ಅರ್ಧಕ್ಕೆ ನಿಂತರೂ, ಸಮಾರಂಭದ ಖರ್ಚು ಹೆಚ್ಚಾದರೂ ಅದರಿಂದ ಒಂದು ರೂಪಾಯಿ ತೆಗೆಯಬಾರದು. ಹಣ ಸಣ್ಣದಿರಲಿ, ಚಿಂತೆಯಿಲ್ಲ. ಅದರ ಬೀಗ ಗಟ್ಟಿ ಇರಲಿ. ಮಧ್ಯದಲ್ಲಿ ಕಾಲೇಜು ಬಿಟ್ಟ ಹುಡುಗಿಯ ಮನೆಗೆ ಅದೇ ತಿಂಗಳು ಸಂಘದಿಂದ ಇಬ್ಬರು ಹೋಗಲಿ. ವರ್ಷ ಕಳೆದ ಮೇಲೆ ಹೋದರೆ ನನ್ನ ಹಾಗೆ ಚಹಾ ಕುಡಿದು ಬರಬೇಕಾಗುತ್ತದೆ.

ತಂದೆತಾಯಿಯರಿಗೆ ಒಂದು ಮಾತು. ಕಷ್ಟ ಎಲ್ಲರ ಮನೆಗೂ ಬರುತ್ತದೆ. ಕಡಿತ ಮಾಡಲೇಬೇಕಾದರೆ ಯಾರ ತಪ್ಪಿನಿಂದ ಖರ್ಚು ಬಂತೋ ಅಲ್ಲಿಂದ ಶುರು ಮಾಡಿ. ಮಗನ ಮೊಬೈಲು, ಮದುವೆಯ ಆಡಂಬರ ಇವನ್ನೆಲ್ಲ ನೋಡಿದ ಮೇಲೆ ಕಟ್ಟಕಡೆಗೆ ಮಗಳ ಫೀಸನ್ನು ನೋಡಿ.

ವಿದ್ಯಾರ್ಥಿನಿಯರೇ, ಆಡಿ. ಶಿವಮೊಗ್ಗದ ನೆಹರು ಕ್ರೀಡಾಂಗಣ ನಿಮ್ಮದೂ ಹೌದು. ಆದರೆ ಆಟವನ್ನೇ ನಂಬಿ ಓದು ಬಿಡಬೇಡಿ. ಎಷ್ಟು ದೊಡ್ಡ ಕ್ಲಬ್ಬು ಕರೆದರೂ ನಾಳೆ ಅದು ನಿಲ್ಲಬಹುದು. ಡಿಗ್ರಿ ಮಾಡಿ, ಬೇಕಿದ್ದರೆ ಬಿ.ಪಿ.ಎಡ್. ಮಾಡಿ, ತರಬೇತುದಾರರ ಲೈಸೆನ್ಸ್ ಪಡೆಯಿರಿ, ರೆಫರಿ ಆಗಿ. ನಾನು ಊದಿದ ವಿಷಲ್ ಒಂದು ದಿನ ನಿಮ್ಮ ಕೈಗೆ ಬರಲಿ.

ವಿದ್ಯಾರ್ಥಿಗಳೇ, ಗಂಡುಮಕ್ಕಳೇ, ನಿಮಗೂ ಒಂದು ಮಾತು ಇದೆ. ಸಿಟ್ಟು ಬಂದು ಮೈದಾನ ಬಿಟ್ಟು ಹೋಗುವ ಮುನ್ನ, ಲೈಸೆನ್ಸ್ ಇಲ್ಲದೆ ಬೈಕಿನ ಕೀಲಿ ತಿರುಗಿಸುವ ಮುನ್ನ, ಆ ದಂಡವನ್ನು ನಿಮ್ಮ ಮನೆಯಲ್ಲಿ ಯಾರು ಕಟ್ಟುತ್ತಾರೆ ಎಂದು ಒಂದು ಸಲ ಯೋಚಿಸಿ. ಪರದೆ ಹಿಡಿದು ನಿಂತ ನಿಮ್ಮ ತಂಗಿ ಕಟ್ಟುತ್ತಾಳೆ.

ಆ ಹುಡುಗಿ ಕೇಳಿದ ಪ್ರಶ್ನೆಗೆ ನಾನು ಅಂದು ಉತ್ತರ ಕೊಡಲಿಲ್ಲ. ಅದನ್ನು ಇವತ್ತು ಈ ಸಭೆಯ ಮುಂದೆ ಇಟ್ಟಿದ್ದೇನೆ. ಮುಂದಿನ ವರ್ಷದ ಲೆಕ್ಕಪತ್ರ ಓದುವಾಗ ನಮ್ಮ ಖಜಾಂಚಿಯವರು ಉತ್ತರ ಕೊಡುತ್ತಾರೆಂದು ನಂಬಿದ್ದೇನೆ.