ಅಟ್ಟದ ಕಾಯಿ, ಹೊಟ್ಟೆಯ ಈಲಿ



ನಮ್ಮ ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ಕಡೆ ಕಾಯಿಯನ್ನು ಅಟ್ಟಕ್ಕೆ ಹಾಕಿ ಹತ್ತು ಹನ್ನೊಂದು ತಿಂಗಳು ಕಾಯ್ತೀವಿ. ಸಿಪ್ಪೆ ನೋಡಿದರೆ ಎಲ್ಲಾ ಕಾಯೂ ಒಂದೇ. ಸುಲಿದು ಒಡೆದಾಗಲೇ ಯಾವುದು ಕೊಬ್ಬರಿ, ಯಾವುದು ಕೊಳೆತದ್ದು ಅಂತ ತಿಳಿಯೋದು. ಕುಡಿಯುವವರ ಹೊಟ್ಟೆಯೊಳಗೂ ಹೀಗೇ ಆಗುತ್ತೆ.

ಕುಡಿದದ್ದು ಕೆಲವೇ ನಿಮಿಷದಲ್ಲಿ ರಕ್ತಕ್ಕೆ ಸೇರುತ್ತೆ. ರಕ್ತದ ಜೊತೆ ಮಿದುಳಿಗೆ ಹೋಗುತ್ತೆ. ಆಗ ಮಾತು ತೊದಲುತ್ತೆ, ಕಾಲು ತಪ್ಪುತ್ತೆ. ಈ ವಿಷ ಕರಗಿಸುವ ಕೆಲಸ ಈಲಿಯದು. ಪುಸ್ತಕದಲ್ಲಿ ಅದನ್ನು ಯಕೃತ್ತು ಅಂತ ಬರೀತಾರೆ. ಅದು ಬಲಗಡೆ ಪಕ್ಕೆಲುಬಿನ ಕೆಳಗಿದೆ. 30 ಮಿಲಿ ಬ್ರಾಂದಿ ಕರಗಿಸಲು ಅದಕ್ಕೆ ಒಂದು ಗಂಟೆಯಾದರೂ ಬೇಕು. 180 ಮಿಲಿ ಕ್ವಾರ್ಟರಿಗೆ ಆರು ಗಂಟೆಗೂ ಮೇಲೆ ಬೇಕು. ಮಜ್ಜಿಗೆ ಕುಡಿಸಿದರೂ, ತಲೆಗೆ ತಣ್ಣೀರು ಹೊಯ್ದರೂ ಬೇಗ ಇಳಿಯೋದಿಲ್ಲ. ರಾತ್ರಿ ಕುಡಿದು ಬೆಳಗ್ಗೆ ಮರ ಹತ್ತುವವರಿಗೆ ಈ ಮಾತು ಹೇಳಿ.

ಸಾರಾಯಿ ಕೆಟ್ಟದ್ದು, ಬ್ರಾಂದಿ ಪರವಾಗಿಲ್ಲ ಅಂತ ಕೆಲವರು ಅಂತಾರೆ. ನಮ್ಮ ರಾಜ್ಯದಲ್ಲಿ 2007ರ ಜುಲೈ 1ರಿಂದ ಸಾರಾಯಿ ಮಾರಾಟ ನಿಂತಿತು. ಕುಡಿತ ನಿಲ್ಲಲಿಲ್ಲ. ಅಮಲಿನ ಪದಾರ್ಥ ಎರಡರಲ್ಲೂ ಒಂದೇ.

ದಿನಾ ಹೆಚ್ಚು ಕುಡಿದರೆ ಮೊದಲು ಈಲಿಯಲ್ಲಿ ಕೊಬ್ಬು ತುಂಬುತ್ತೆ. ನೋವು ಇರೋದಿಲ್ಲ. ಆಗಲೇ ಬಿಟ್ಟರೆ ಈಲಿ ಮತ್ತೆ ಸರಿಹೋಗುತ್ತೆ. ಬಿಡದಿದ್ದರೆ ಊದಿಕೊಳ್ಳುತ್ತೆ. ಆಮೇಲೆ ಗಾಯದ ಕಲೆಯ ಹಾಗೆ ಗಟ್ಟಿಯಾಗುತ್ತೆ. ಕಣ್ಣು ಹಳದಿಯಾಗುತ್ತೆ. ಹೊಟ್ಟೆಯಲ್ಲಿ ನೀರು ತುಂಬುತ್ತೆ. ಕಾಲು ಊದುತ್ತೆ. ರಕ್ತ ವಾಂತಿಯೂ ಆಗಬಹುದು. ಈ ಗುರುತು ಕಂಡರೆ ತಡ ಮಾಡಬೇಡಿ, ಆಸ್ಪತ್ರೆಗೆ ಹೋಗಿ. ಆಗ ಬಿಟ್ಟರೂ ಆಯಸ್ಸು ಹೆಚ್ಚುತ್ತೆ.

ಇನ್ನೊಂದು ಮಾತು. ಇದು ನಮ್ಮ ಮನೆಯದೇ. ನಮ್ಮಣ್ಣ ದಿನಾ ಕುಡೀತಿದ್ದ. ದೇವರ ಮುಂದೆ ಆಣೆ ಮಾಡಿ ಒಂದೇ ದಿನಕ್ಕೆ ಬಿಟ್ಟ. ನಮಗೆಲ್ಲಾ ಸಂತೋಷ. ಮೂರನೇ ದಿನ ಕೈ ನಡುಗಿತು. ಮೈಯೆಲ್ಲಾ ಬೆವತಿತು. ಗೋಡೆ ಮೇಲೆ ಹುಳ ಹರೀತಿದೆ ಅಂದ. ಗಾಳಿ ಸೋಕಿದೆ ಅಂತ ನಾವು ತಾಯಿತ ಕಟ್ಟಿಸಿದೆವು. ಸಂಜೆಗೆ ಫಿಟ್ಸ್ ಬಂತು. ಆಗ ಆಸ್ಪತ್ರೆಗೆ ಹೊತ್ತುಕೊಂಡು ಓಡಿದೆವು. ಪುಣ್ಯಕ್ಕೆ ಉಳಿದ.

ಅದು ಗಾಳಿಯಲ್ಲ, ದೆವ್ವವಲ್ಲ. ವರ್ಷಗಟ್ಟಲೆ ಅಮಲಿಗೆ ಒಗ್ಗಿದ ಮಿದುಳಿಗೆ ಅದು ತಟ್ಟನೆ ಸಿಗದಿದ್ದರೆ ಹೀಗಾಗುತ್ತೆ. ಪ್ರಾಣವೂ ಹೋಗಬಹುದು. ಕುಡಿತ ಬಿಡಲೇಬೇಕು. ಆದರೆ ದಿನಾ ಕುಡಿಯುವವರು ಡಾಕ್ಟರನ್ನು ಕಂಡು ಬಿಡಬೇಕು. ನಡುಕ, ಫಿಟ್ಸ್ ತಡೆಯಲು ಔಷಧಿ ಇದೆ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಕುಡಿತ ಬಿಡಿಸಲು ಬೇರೆ ವಿಭಾಗವೇ ಇದೆ.

ಊರಿನಿಂದಲೇ ಕೇಳಬೇಕೆಂದರೆ ಸರ್ಕಾರದ ಟೆಲಿ ಮಾನಸ್ ಇದೆ. ಫೋನು ಮಾಡಿದರೆ ಕನ್ನಡದಲ್ಲೇ ಮಾತಾಡ್ತಾರೆ. ಹಣ ಕೊಡಬೇಕಾಗಿಲ್ಲ. ಅದರ ನಂಬರು 14416. ಈಗ ನಿಮಗೆ ಅಂಕಿ ಓದಲು ಬರುತ್ತೆ, ಬರೆಯಲು ಬರುತ್ತೆ. ಮನೆಗೆ ಹೋದ ಕೂಡಲೇ ಬಾಗಿಲ ಹಿಂದೆ ಬರೆದಿಡಿ. ನಿಮ್ಮ ಮನೆಗೆ ಬೇಡವಾದರೆ ಪಕ್ಕದ ಮನೆಗೆ ಬೇಕಾದೀತು.