ಪಿಸುಮಾತಿಗೆ ಬಾಗುತ್ತಿದ್ದ ಉಕ್ಕು

1970ರಲ್ಲಿ ನೆದರ್ಲೆಂಡ್ಸ್‌ನ ಐಂಡ್‌ಹೋವನ್ ಊರಿನ ಪ್ರದರ್ಶನಾಲಯಕ್ಕೆ 15 ಅಡಿ ಉದ್ದದ ಉಕ್ಕಿನ ಪ್ರಾಣಿಯೊಂದು ಬಂತು. ಹೆಸರು ಸೆನ್‌ಸ್ಟರ್. ಮಾಡಿದವರು ಪೋಲೆಂಡಿನಲ್ಲಿ ಹುಟ್ಟಿ ಇಂಗ್ಲೆಂಡಿನಲ್ಲಿ ನೆಲೆಸಿದ್ದ ಶಿಲ್ಪಿ ಎಡ್ವರ್ಡ್ ಇಹ್ನಾಟೋವಿಚ್. ಕೀಲುಗಳಿಗೆ ಮಾದರಿ, ಲಾಬ್‌ಸ್ಟರ್ ಎಂಬ ಕಡಲಜೀವಿಯ ಇಕ್ಕಳದಂಥ ಮುಂಗಾಲು. ತಲೆಯ ಜಾಗದಲ್ಲಿ ಮೈಕ್ರೊಫೋನು, ರೇಡಾರು; ಅದನ್ನು ನಡೆಸಲು ಕಂಪ್ಯೂಟರು.

ಯಾರಾದರೂ ಮೆಲ್ಲಗೆ ಮಾತಾಡಿದರೆ ಸಾಕು, ಕತ್ತು ಬಾಗಿಸಿ ಹತ್ತಿರ ಬರುತ್ತಿತ್ತು. ಜೋರಾಗಿ ಕೂಗಿದರೋ, ಬೆಚ್ಚಿದ ಕರುವಿನಂತೆ ಹಿಂದೆ ಸರಿಯುತ್ತಿತ್ತು. ನಾನಾಗಿದ್ದರೆ ಒಮ್ಮೆಯಾದರೂ ಕೂಗಿ ನೋಡುತ್ತಿದ್ದೆ ಅನ್ನಿ! ಬುದ್ಧಿ ಅದಕ್ಕಿರಲಿಲ್ಲ. ನಾಚಿಕೆ, ಕುತೂಹಲ ಎಲ್ಲ ನೋಡುವವರೇ ಕೊಟ್ಟದ್ದು.

1974ರಲ್ಲಿ ಅದನ್ನು ಕಳಚಿದರು. ವರ್ಷಗಟ್ಟಲೆ ಬಯಲಲ್ಲಿ ಬರೀ ಅಸ್ಥಿಪಂಜರವಾಗಿ ನಿಂತಿತ್ತು. ಪೋಲೆಂಡಿನ ಕ್ರಾಕೋವ್‌ನ ವಿಶ್ವವಿದ್ಯಾಲಯವೊಂದು ಅದನ್ನು ಕೊಂಡು, 2018ರಲ್ಲಿ ಮತ್ತೆ ಕತ್ತೆತ್ತಿಸಿತು. ಇಹ್ನಾಟೋವಿಚ್ 1988ರಲ್ಲೇ ತೀರಿಕೊಂಡಿದ್ದರು.